ಎಷ್ಟು ದೂರ ಅಂತ ಕೇಳಬ್ಯಾಡ್ರಿ, ಎಲ್ಲಿ ಕಳಕೊಂಡಿ ಅಂತ ಕೇಳ್ರಿ

ನಮ್ಮ ನಿಡಗುಂದಿ ಕಡೆ ಹಿಮ ಅಂದ್ರೆ ಎರಡೇ ನಮೂನಿ. ಒಂದು, ಬ್ಯಾಸಗಿಯಲ್ಲಿ ಬಸ್ ಸ್ಟ್ಯಾಂಡ್ ಮುಂದೆ ಮಾರುವ ಐಸ್ ಕ್ಯಾಂಡಿ. ಇನ್ನೊಂದು, ಅಡ್ಡಮಳೆಯಲ್ಲಿ ದ್ರಾಕ್ಷಿ ಪಡಕ್ಕೆ ಬಿದ್ದು ರೈತನ ಹೊಟ್ಟೆ ಉರಿಸುವ ಆಲಿಕಲ್ಲು. ಅಂಥ ಕಡೆಯವನು ಸ್ಕೀ ಜಂಪಿಂಗ್ ಬಗ್ಗೆ, ಅದೂ ಕಂಪ್ಯೂಟರಿನಲ್ಲಿ ಆಡುವ ಸ್ಕೀ ಜಂಪಿಂಗ್ ಆಟದಲ್ಲಿ ಕೈ ಪಳಗಿಸುವುದು ಹೇಗೆ ಅನ್ನುವುದರ ಬಗ್ಗೆ ಬರೆಯುತ್ತಾನೆ ಅಂದ್ರೆ ನಗುವವರು ನಗಲಿ. ನಕ್ಕು ಮುಗಿದ ಮೇಲೆ ಮುಂದೆ ಓದ್ರಿ.

ನನ್ನ ಅಭಿಪ್ರಾಯ ಮೊದಲೇ ಹೇಳಿಬಿಡ್ತೀನಿ. ಹಾಸ್ಟೆಲಿನಲ್ಲಿ ನಾವು ಆಡುವ ಎಲ್ಲ ಆಟಗಳಲ್ಲಿ, ಒಬ್ಬ ಇಂಜಿನಿಯರಿಂಗ್ ವಿದ್ಯಾರ್ಥಿಗೆ "ನಾನು ಯಾಕೆ ಹಿಂದೆ ಬಿದ್ದೆ" ಅನ್ನುವುದನ್ನು ಲೆಕ್ಕ ಹಾಕಿ ಕಂಡುಕೊಳ್ಳಲು ಕಲಿಸುವ ಆಟ ಇದೊಂದೇ ಅಂತ ನನಗನ್ನಿಸುತ್ತದೆ. ಬಂದೂಕಿನ ಆಟಗಳಲ್ಲಿ ಸೋತರೆ ನೆಟ್‌ವರ್ಕ್ ಬೈಯಬಹುದು, ಟೀಮಿನವನನ್ನು ಬೈಯಬಹುದು. ಇಲ್ಲಿ ಬೈಯಲು ಯಾರೂ ಇಲ್ಲ. ನೀವು, ಒಂದು ಇಳಿಜಾರು, ಸ್ವಲ್ಪ ಗಾಳಿ, ನಾಲ್ಕೈದು ಸೆಕೆಂಡಿನ ಹಾರಾಟ. ಮುಗೀತು. ಆದರೆ ಇದನ್ನು ಆಡುವವರಲ್ಲಿ ಬಹಳ ಜನ ಸುಧಾರಿಸುವುದೇ ಇಲ್ಲ. ಆ ಕಾರಣವೇ ನಮ್ಮ ಓದಿನ ಕಾರಣವೂ ಆಗಿರುವುದರಿಂದ ಇಷ್ಟುದ್ದ ಬರೀತಿದ್ದೇನೆ.

ಯಾವ ಆಟ ಇದು?

ಸ್ಕೀ ಜಂಪಿಂಗ್ ಕಂಪ್ಯೂಟರಿಗೆ ಬಂದದ್ದು ಹೊಸದೇನಲ್ಲ. 1985ರಲ್ಲಿ ಎಪಿಕ್ಸ್ ಕಂಪನಿ ತಂದ 'ವಿಂಟರ್ ಗೇಮ್ಸ್' ಆಟದಲ್ಲೇ ಅದು ಇತ್ತು. ಆದರೆ ಇದನ್ನು ಹುಚ್ಚು ಹಿಡಿಸುವ ಮಟ್ಟಕ್ಕೆ ತಂದವನು ಫಿನ್ಲೆಂಡಿನ ಯೂಸಿ ಕೊಸ್ಕೆಲಾ. ಅವನ 'ಡೀಲಕ್ಸ್ ಸ್ಕೀ ಜಂಪ್' 1990ರ ದಶಕದ ಕೊನೆಗೆ ಬಂತು. ಚಿಕ್ಕ ಫೈಲು, ಸಾದಾ ಚಿತ್ರ, ಹಳೇ ಕಂಪ್ಯೂಟರಿನಲ್ಲೂ ಓಡುತ್ತಿತ್ತು. ಅದೇ ಹೊತ್ತಿಗೆ ಪೋಲೆಂಡಿನಲ್ಲಿ ಆಡಮ್ ಮಾವಿಷ್ ಅನ್ನುವ ಜಿಗಿತಗಾರ ಗೆಲ್ಲತೊಡಗಿದ, ನಮ್ಮಲ್ಲಿ ಸಚಿನ್ ಆಡುವಾಗ ಅಂಗಡಿ ಟಿವಿ ಮುಂದೆ ಜನ ನಿಲ್ಲುತ್ತಿದ್ದರಲ್ಲ, ಅಲ್ಲಿ ಅವನಿಗಾಗಿ ಹಂಗೇ ನಿಂತರು. ಟಿವಿ ನೋಡಿ ಎದ್ದ ಹುಡುಗರು ನೇರ ಕಂಪ್ಯೂಟರಿಗೆ ಹೋಗಿ ಅದೇ ಜಿಗಿತ ಹಾರಿದರು. ಈ ಆಟದ ನಾಲ್ಕನೇ ಆವೃತ್ತಿ 2011ರಲ್ಲಿ ಬಂತು. ಮೊಬೈಲಿಗೂ ಇಂಥವು ಹಲವು ಬಂದಿವೆ. ಹೆಸರು ಯಾವುದೇ ಇರಲಿ, ಒಳಗಿನ ಲೆಕ್ಕ ಒಂದೇ.

"ಹಿಮ ನೋಡದವನಿಗೆ ಇದೆಲ್ಲ ಯಾಕಪಾ?" ಅನ್ನುವ ಪ್ರಶ್ನೆಗೆ ಇಲ್ಲೇ ಉತ್ತರ ಕೊಟ್ಟು ಮುಂದೆ ಹೋಗೋಣ. ನಿಜವಾದ ಜಿಗಿತಗಾರರೇ ವರ್ಷದ ಅರ್ಧ ಕಾಲ ಹಿಮ ಇಲ್ಲದೆ ಹಾರುತ್ತಾರೆ. ಬೇಸಿಗೆಯಲ್ಲಿ ಇಳಿಜಾರಿಗೆ ಪ್ಲಾಸ್ಟಿಕ್ ಹಾಸಿ, ನೀರು ಬಿಟ್ಟು, ಅದರ ಮೇಲೆ ಇಳಿಯುತ್ತಾರೆ. ಬೇಸಿಗೆಯದೇ ಒಂದು ಅಂತರರಾಷ್ಟ್ರೀಯ ಸರಣಿ 1994ರಿಂದ ನಡೆಯುತ್ತಿದೆ. ಇನ್ನು ನಮ್ಮವರ ಮಾತು ಬೇಕಂದ್ರೆ, ಕೊಡಗಿನ ತೆಕ್ಕಡ ಭವಾನಿ ಕ್ರಾಸ್ ಕಂಟ್ರಿ ಸ್ಕೀಯಿಂಗ್‌ನಲ್ಲಿ ಭಾರತಕ್ಕೆ ಆಡಿದವರು. ಕಾಫಿ ತೋಟದ ನಾಡಿನಿಂದ ಹಿಮಕ್ಕೆ ಹೋಗಲು ಸಾಧ್ಯವಾದರೆ, ಜೋಳದ ಹೊಲದ ನಾಡಿನಿಂದ ಒಂದು ಕಂಪ್ಯೂಟರ್ ಆಟಕ್ಕೆ ಹೋಗಲು ಪಾಸ್‌ಪೋರ್ಟ್ ಏನೂ ಬೇಕಾಗಿಲ್ಲ.

ಮೊದಲು ಅಂಕದ ಲೆಕ್ಕ

ಆಟ ಶುರು ಮಾಡುವವರು ಮಾಡುವ ಮೊದಲ ಕೆಲಸ, ಎಷ್ಟಾಗುತ್ತೋ ಅಷ್ಟು ದೂರ ಹಾರಲು ನೋಡುವುದು. ಅಂಕ ಹೆಂಗೆ ಬರುತ್ತದೆ ಅಂತ ಯಾರೂ ನೋಡುವುದಿಲ್ಲ. ಸಿಲಬಸ್ ನೋಡದೆ ಪರೀಕ್ಷೆಗೆ ಕೂತ ಹಾಗೆ.

ಪ್ರತಿ ಇಳಿಜಾರಿಗೂ ಒಂದು 'ಕೆ' ಗುರುತು ಇರುತ್ತದೆ. ದೊಡ್ಡ ಇಳಿಜಾರಿನಲ್ಲಿ ಅದು ಸಾಮಾನ್ಯವಾಗಿ 120 ಮೀಟರ್ ಆಸುಪಾಸು. ಅಲ್ಲಿ ಇಳಿದರೆ ದೂರಕ್ಕೆ 60 ಅಂಕ. ಅದಕ್ಕಿಂತ ಮುಂದೆ ಹೋದ ಪ್ರತಿ ಮೀಟರಿಗೆ 1.8 ಅಂಕ ಕೂಡುತ್ತದೆ, ಹಿಂದೆ ಬಿದ್ದರೆ ಅಷ್ಟೇ ಕಳೆಯುತ್ತದೆ. ಇದಲ್ಲದೆ ಐದು ಜನ ತೀರ್ಪುಗಾರರು ತಲಾ 20ರಲ್ಲಿ ಶೈಲಿಗೆ ಅಂಕ ಕೊಡುತ್ತಾರೆ. ಅತಿ ಹೆಚ್ಚಿನದೊಂದು, ಅತಿ ಕಡಿಮೆಯದೊಂದು ತೆಗೆದು, ಉಳಿದ ಮೂರನ್ನು ಕೂಡುತ್ತಾರೆ. ಅಂದ್ರೆ ಶೈಲಿಗೇ ಒಟ್ಟು 60.

ಈಗ ಒಂದು ಲೆಕ್ಕ ನೋಡ್ರಿ. ಒಂದು ಕಾಲು ಮುಂದೆ, ಒಂದು ಕಾಲು ಹಿಂದೆ, ಮೊಣಕಾಲು ಬಾಗಿಸಿ ಇಳಿಯುವುದಕ್ಕೆ ಟೆಲಿಮಾರ್ಕ್ ಅನ್ನುತ್ತಾರೆ. ನಾರ್ವೆಯ ಒಂದು ಪ್ರದೇಶದ ಹೆಸರು ಅದು. ಹಂಗೆ ಇಳಿಯದೆ ಎರಡೂ ಕಾಲು ಜೋಡಿಸಿ ಧಪ್ಪಂತ ಇಳಿದರೆ ತೀರ್ಪುಗಾರರು ಅಂಕ ಕಳೆಯುತ್ತಾರೆ; ಒಬ್ಬೊಬ್ಬ 2 ಅಂಕ ಕಳೆದ ಅಂತ ಇಟ್ಟುಕೊಳ್ರಿ. ಲೆಕ್ಕಕ್ಕೆ ಬರುವ ಮೂವರದು ಸೇರಿ 6 ಅಂಕ. 6ನ್ನು 1.8ರಿಂದ ಭಾಗಿಸಿದರೆ 3.3 ಮೀಟರ್. ಅಂದ್ರೆ ಕೊನೇ ಗಳಿಗೆಯಲ್ಲಿ ದೂರದ ಆಸೆಗೆ ಬಿದ್ದು ಇನ್ನೂ ಎರಡು ಮೀಟರ್ ಎಳೆದು, ಕಾಲು ಜೋಡಿಸಿ ಇಳಿದವನು ಗೆದ್ದದ್ದು ಎರಡು ಮೀಟರ್, ಕಳೆದದ್ದು ಮೂರು ಮೀಟರ್ ಚಿಲ್ಲರೆ. ಸಂತೆಗೆ ಹೋಗಿ ಇಂಥ ವ್ಯಾಪಾರ ಮಾಡಿ ಬಂದರೆ ಮನೆಯಲ್ಲಿ ಒಳಗೆ ಬಿಟ್ಟುಕೊಳ್ಳುವುದಿಲ್ಲ.

ಜಿಗಿತ ಒಂದಲ್ಲ, ನಾಲ್ಕು

ಆಟದಲ್ಲಿ ಸುಧಾರಣೆ ಶುರುವಾಗುವುದು ಒಂದು ಜಿಗಿತವನ್ನು ನಾಲ್ಕು ತುಂಡು ಮಾಡಿ ನೋಡಿದಾಗ: ಜಾರುವುದು, ಚಿಮ್ಮುವುದು, ತೇಲುವುದು, ಇಳಿಯುವುದು. ಒಂದೊಂದರ ಒಳಗೂ ಬೇರೆ ಬೇರೆ ಭೌತಶಾಸ್ತ್ರ ಕೂತಿದೆ.

ಜಾರುವುದರಲ್ಲಿ ಹೆಚ್ಚು ಮಾತಿಲ್ಲ. ಕೂತ ಭಂಗಿ ಕೆಡಬಾರದು, ಅಷ್ಟೇ. ಬಹಳಷ್ಟು ಆಟಗಳಲ್ಲಿ ಈ ಭಾಗ ತಾನೇ ನಡೆಯುತ್ತದೆ. ಈ ಹೊತ್ತನ್ನು ಗಾಳಿಯ ಬಾಣ ಯಾವ ಕಡೆ ಇದೆ ಅಂತ ನೋಡಲು ಬಳಸಿಕೊಳ್ರಿ.

ಚಿಮ್ಮುವುದರಲ್ಲಿ ಇದೆ ನೋಡ್ರಿ ಅಸಲಿ ಮಜಾ. ದೊಡ್ಡ ಇಳಿಜಾರಿನಲ್ಲಿ ಕಟ್ಟೆಯ ಅಂಚಿಗೆ ಬರುವಾಗ ವೇಗ ಗಂಟೆಗೆ ಸುಮಾರು 90 ಕಿ.ಮೀ., ಅಂದ್ರೆ ಸೆಕೆಂಡಿಗೆ 25 ಮೀಟರ್. ನಿಜವಾದ ಜಿಗಿತಗಾರ ಕೂತ ಭಂಗಿಯಿಂದ ನೆಟ್ಟಗಾಗಲು ತಗೊಳ್ಳುವ ಹೊತ್ತು ಸುಮಾರು 0.3 ಸೆಕೆಂಡ್. ಅಷ್ಟರಲ್ಲಿ ಅವನು ಏಳೂವರೆ ಮೀಟರ್ ಮುಂದೆ ಹೋಗಿರುತ್ತಾನೆ. ಇನ್ನು ಆಟದಲ್ಲಿ ನಮ್ಮ ಬೆರಳು. ಕಣ್ಣಿಗೆ ಕಂಡದ್ದಕ್ಕೆ ಬೆರಳು ಒತ್ತಲು ಮನುಷ್ಯನಿಗೆ ಸುಮಾರು 0.2 ಸೆಕೆಂಡ್ ಬೇಕು. ಅಂಚು ಕಂಡ ಮೇಲೆ ಒತ್ತುತ್ತೇನೆ ಅಂದ್ರೆ ಐದು ಮೀಟರ್ ತಡ. ಅಂಚು ದಾಟಿ ಗಾಳಿಯಲ್ಲಿ ನೆಟ್ಟಗಾಗುತ್ತೀರಿ, ಕೆಳಗೆ ಒದೆಯಲು ನೆಲವೇ ಇರುವುದಿಲ್ಲ.

ಹಂಗಾದರೆ ಏನು ಮಾಡಬೇಕು? ಅಂಚು ನೋಡಬಾರದು, ಲಯ ಹಿಡಿಯಬೇಕು. ಪಂಚಮಿಗೆ ಬೇವಿನ ಗಿಡಕ್ಕೆ ಕಟ್ಟಿದ ಜೋಕಾಲಿ ಜೀಕಿದವರಿಗೆ ಇದನ್ನು ಹೇಳಿಕೊಡಬೇಕಾಗಿಲ್ಲ. ಜೋಕಾಲಿ ಯಾವಾಗ ಜೀಕಬೇಕು ಅಂತ ಯಾರೂ ಕಣ್ಣಿಂದ ನೋಡಿ ಜೀಕುವುದಿಲ್ಲ, ಮೈಯೇ ಎಣಿಸುತ್ತಿರುತ್ತದೆ. ಹೊತ್ತು ತಪ್ಪಿ ಜೀಕಿದರೆ ಎಷ್ಟು ಬಲ ಹಾಕಿದರೂ ಜೋಕಾಲಿ ನಿಧಾನ ಆಗುತ್ತದೆ. ಹೊತ್ತು ಸರಿ ಇದ್ದರೆ ಸಣ್ಣ ಹುಡುಗಿಯೂ ಟೊಂಗೆ ಮುಟ್ಟಿ ಬರುತ್ತಾಳೆ. ಆಟದಲ್ಲೂ ಜಾರಲು ಶುರುವಾದ ಕ್ಷಣದಿಂದ ಮನಸ್ಸಿನಲ್ಲೇ ಎಣಿಸಲು ರೂಢಿ ಮಾಡ್ರಿ. ಒಂದೇ ಇಳಿಜಾರು, ಒಂದೇ ಗೇಟು ಇದ್ದರೆ ಆ ಎಣಿಕೆ ಬದಲಾಗುವುದಿಲ್ಲ.

ಇಲ್ಲೇ ಇನ್ನೊಂದು ಮಾತು. "ಮ್ಯಾಲೆ ಹಾರಬೇಕು" ಅನ್ನುವ ಕಲ್ಪನೆಯನ್ನು ತಲೆಯಿಂದ ತೆಗೀರಿ. ದೊಡ್ಡ ಇಳಿಜಾರಿನ ಕಟ್ಟೆ ಮೇಲ್ಮುಖ ಇರುವುದಿಲ್ಲ, ಸುಮಾರು 11 ಡಿಗ್ರಿ ಕೆಳಕ್ಕೇ ಬಾಗಿರುತ್ತದೆ. 25ನ್ನು 11 ಡಿಗ್ರಿಯ ಸೈನ್‌ನಿಂದ ಗುಣಿಸಿದರೆ ಸುಮಾರು 4.8. ಅಂದ್ರೆ ಕಟ್ಟೆ ಬಿಡುವಾಗಲೇ ಸೆಕೆಂಡಿಗೆ 4.8 ಮೀಟರ್ ವೇಗದಲ್ಲಿ ಕೆಳಗೆ ಬೀಳುತ್ತಿರುತ್ತಾನೆ. ಕಾಲಿನ ಬಲದಿಂದ ಅವನು ಮೇಲಕ್ಕೆ ಕೂಡಿಸಿಕೊಳ್ಳುವುದು ಸೆಕೆಂಡಿಗೆ ಎರಡರಿಂದ ಮೂರು ಮೀಟರ್ ಅಷ್ಟೇ. ಕೂಡಿಸಿ ಕಳೆದರೂ ಕೆಳಗೇ ಹೋಗುತ್ತಿದ್ದಾನೆ. ಜಿಗಿತ ಅಂತ ಹೆಸರು, ಕೆಲಸ ಮಾತ್ರ ನಿಧಾನವಾಗಿ ಬೀಳುವುದು.

ತೇಲುವ ಭಾಗದಲ್ಲಿ ಎಲ್ಲರೂ ಮಾಡುವುದು ಅತಿಯಾದ ಚಡಪಡಿಕೆ. ಮೌಸನ್ನು ಹಿಂದೆ ಮುಂದೆ, ಹಿಂದೆ ಮುಂದೆ. ಮುಂದಕ್ಕೆ ಬಾಗಿದರೆ ಗಾಳಿಯ ತಡೆ ಕಡಿಮೆ, ಆದರೆ ಮಿತಿ ಮೀರಿದರೆ ಎತ್ತುವ ಬಲವೂ ಹೋಗಿ ಮುಗ್ಗರಿಸುತ್ತೀರಿ. ಹಿಂದಕ್ಕೆ ಎದ್ದರೆ ಎದೆ ಗಾಳಿಗೆ ಕೊಟ್ಟು ಬ್ರೇಕ್ ಹಾಕಿದ ಹಾಗೆ. ನಡುವೆ ಒಂದು ಭಂಗಿ ಇದೆ, ಅಲ್ಲಿಗೆ ಹೋಗಿ ಸುಮ್ಮನೆ ಇರಬೇಕು. ಒಮ್ಮೆ ಸರಿಪಡಿಸಿದರೆ ಅದರ ಪರಿಣಾಮ ಕಾಣಲು ಸ್ವಲ್ಪ ಹೊತ್ತು ಬೇಕು. ಆ ಹೊತ್ತು ಕೊಡದೆ ಮತ್ತೆ ಸರಿಪಡಿಸಿದರೆ ಅದಕ್ಕೊಂದು, ಇದಕ್ಕೊಂದು ಅಂತ ತೂಗಾಟ ಶುರು. ಕಂಟ್ರೋಲ್ ಸಿಸ್ಟಮ್ಸ್ ಓದಿದವರಿಗೆ ಇದರ ಹೆಸರು ಗೊತ್ತಿದೆ, ಗೇನ್ ಹೆಚ್ಚಾಯಿತು ಅನ್ನುತ್ತೇವೆ. ಓದದವರಿಗೆ ಹಾಸ್ಟೆಲಿನ ಗೀಸರ್ ನಲ್ಲಿ ಸಾಕು. ತಣ್ಣಗಿದೆ ಅಂತ ಪೂರ್ತಿ ತಿರುಗಿಸಿ, ಸುಟ್ಟಿತು ಅಂತ ಪೂರ್ತಿ ಮುಚ್ಚಿ, ಕೊನೆಗೆ ಸ್ನಾನವೇ ಆಗುವುದಿಲ್ಲ.

ಇಳಿಯುವ ಲೆಕ್ಕ ಮೇಲೆಯೇ ಹೇಳಿದೆ. ಅದಕ್ಕೆ ಒಂದು ಮಾತು ಸೇರಿಸುತ್ತೇನೆ: ಇಳಿಯುವ ಗುಂಡಿಯನ್ನು ಯಾವ ಎತ್ತರದಲ್ಲಿ ಒತ್ತುತ್ತೀರಿ ಅಂತ ಮೊದಲೇ ಗೊತ್ತು ಮಾಡಿಕೊಂಡಿರಬೇಕು. ನೆಲ ಹತ್ತಿರ ಬಂದಾಗ ನಿರ್ಧರಿಸುವವನು ಯಾವಾಗಲೂ ತಡ ಮಾಡುತ್ತಾನೆ.

ಗಾಳಿ ಬಂದಾಗ ತೂರಿಕೋ

ಗಾಳಿ ವಿಷಯ ಬಿಟ್ಟರೆ ನಮ್ಮ ಕಡೆಯವರಿಗೆ ಅನ್ಯಾಯ ಆಗುತ್ತದೆ. ಕಣದಲ್ಲಿ ರಾಶಿ ತೂರಿದ ಅಜ್ಜಂದಿರ ಮೊಮ್ಮಕ್ಕಳು ನಾವು. ಗಾಳಿ ಬಂದಾಗ ತೂರಿಕೋ ಅನ್ನುವ ಗಾದೆ ಸುಮ್ಮನೆ ಹುಟ್ಟಿದ್ದಲ್ಲ. ಆದರೆ ಸೈಕಲ್ ಓಡಿಸಿ ಬೆಳೆದ ವಿಜಯಪುರ ಜಿಲ್ಲೆಯ ಹುಡುಗನಿಗೆ ಇಲ್ಲಿ ಒಂದು ತಲೆಕೆಳಗಾದ ಸಂಗತಿ ಎದುರಾಗುತ್ತದೆ. ಸೈಕಲ್ಲಿಗೆ ಎದುರುಗಾಳಿ ವೈರಿ, ಬೆನ್ನ ಹಿಂದಿನ ಗಾಳಿ ಗೆಳೆಯ. ಸ್ಕೀ ಜಿಗಿತದಲ್ಲಿ ಎದುರುಗಾಳಿಯೇ ಗೆಳೆಯ. ವಿಮಾನ ಎದುರುಗಾಳಿಗೆ ಮುಖ ಮಾಡಿ ಏಳುತ್ತದಲ್ಲ, ಅದೇ ಕಾರಣ. ಎದುರಿನಿಂದ ಬಂದ ಗಾಳಿ ಮೈ ಕೆಳಗೆ ಹೊಕ್ಕು ಎತ್ತುತ್ತದೆ, ಹಿಂದಿನಿಂದ ಬಂದ ಗಾಳಿ ಒತ್ತಿ ಕೆಳಗೆ ಕೆಡವುತ್ತದೆ.

ಇದರಿಂದ ಆಟದಲ್ಲಿ ಒಂದು ದೊಡ್ಡ ಮೋಸ ನಡೆಯುತ್ತದೆ, ಅದನ್ನು ಮಾಡುವವರು ನಾವೇ. ಎದುರುಗಾಳಿ ಬಂದ ದಿನ 130 ಮೀಟರ್ ಹಾರಿ, "ಲೇ ದೋಸ್ತ, ಕಲ್ತೆ ನೋಡ್ಲೇ!" ಅಂತ ಕೂಗುತ್ತೇವೆ. ಮರುದಿನ ಹಿಂಗಾಳಿಗೆ 105 ಬಂದರೆ "ಗಾಳಿ ಕೆಟ್ಟದಿತ್ತು" ಅನ್ನುತ್ತೇವೆ. ಒಳ್ಳೇದಾದರೆ ನನ್ನ ಕೈಗುಣ, ಕೆಟ್ಟದಾದರೆ ಗಾಳಿಯ ತಪ್ಪು. ನಿಜವಾದ ಕ್ರೀಡೆಯವರಿಗೂ ಈ ಜಗಳ ಸಾಕಾಗಿತ್ತು. ಅದಕ್ಕೇ 2009ರಿಂದ ಗಾಳಿಯನ್ನು ಅಳೆದು ಅಂಕ ಕೂಡುವ, ಕಳೆಯುವ ಪದ್ಧತಿ ಪ್ರಯೋಗಕ್ಕೆ ತಂದರು. ಎಷ್ಟು ಎತ್ತರದ ಗೇಟಿನಿಂದ ಜಾರಿದ ಅನ್ನುವುದಕ್ಕೂ ಲೆಕ್ಕ ಇಟ್ಟರು. ಈಗ ಟಿವಿಯಲ್ಲಿ ಒಬ್ಬನ ಫಲಿತಾಂಶ ಬಂದರೆ ದೂರ ಇಷ್ಟು, ಗಾಳಿಗೆ ಇಷ್ಟು, ಗೇಟಿಗೆ ಇಷ್ಟು, ಶೈಲಿಗೆ ಇಷ್ಟು ಅಂತ ಸಾಲಾಗಿ ಕಾಣುತ್ತದೆ. ಒಬ್ಬ ಮನುಷ್ಯ ಎಲ್ಲಿ ಗಳಿಸಿದ, ಎಲ್ಲಿ ಕಳಕೊಂಡ ಅನ್ನುವುದು ಒಂದೇ ಸಾಲಿನಲ್ಲಿ.

ಅಭ್ಯಾಸ ಅಂದ್ರೆ ಎಣಿಕೆ

"ಆಡ್ತಾ ಇದ್ರೆ ಬರ್ತದ" ಅನ್ನುವುದು ನಮ್ಮಲ್ಲಿ ಸಿಗುವ ಏಕೈಕ ಸಲಹೆ. ಆಡ್ತಾ ಇದ್ರೆ ಬರುವುದಿಲ್ಲ. ಒಂದು ಮಟ್ಟಕ್ಕೆ ಬಂದು ಅಲ್ಲೇ ನಿಲ್ಲುತ್ತದೆ, ತಪ್ಪು ಕೂಡ ಗಟ್ಟಿಯಾಗುತ್ತದೆ. ನಾನು ಹೇಳುವ ದಾರಿ ಬೇಸರದ್ದು, ಆದರೆ ಕೆಲಸ ಮಾಡುತ್ತದೆ.

ಒಂದೇ ಇಳಿಜಾರು ಆರಿಸ್ರಿ. ಗಾಳಿ ಬಂದ್ ಮಾಡಲು ಆಗುವ ಆಟವಾದರೆ ಬಂದ್ ಮಾಡ್ರಿ. ಇಪ್ಪತ್ತು ಜಿಗಿತ. ಆ ಇಪ್ಪತ್ತರಲ್ಲಿ ಬದಲಾಯಿಸುವುದು ಒಂದೇ ಸಂಗತಿ, ಇವತ್ತು ಚಿಮ್ಮುವ ಹೊತ್ತು ಮಾತ್ರ. ಉಳಿದದ್ದು ಹೆಂಗಿತ್ತೋ ಹಂಗೇ. ಪ್ರತಿ ಜಿಗಿತಕ್ಕೂ ನೋಟ್‌ಬುಕ್ಕಿನಲ್ಲಿ ಒಂದು ಸಾಲು: ಬೇಗ ಆಯಿತೋ, ತಡ ಆಯಿತೋ, ದೂರ ಎಷ್ಟು, ಶೈಲಿ ಎಷ್ಟು. ನಾಳೆ ತೇಲುವ ಭಂಗಿ. ನಾಡಿದ್ದು ಇಳಿಯುವುದು. ವಾರಕ್ಕೊಮ್ಮೆ ಎಲ್ಲ ಕೂಡಿಸಿ ಹಾರ್ರಿ.

ಬರೆದ ಮೇಲೆ ಅತಿ ಉದ್ದದ ಜಿಗಿತಕ್ಕೆ ಗೆರೆ ಎಳೆದು ಸಂಭ್ರಮಿಸುವುದನ್ನು ಬಿಡ್ರಿ. ಉದಾಹರಣೆಗೆ ಇಬ್ಬರು ಆಟಗಾರರನ್ನು ಕಲ್ಪಿಸಿಕೊಳ್ಳೋಣ. ಮೊದಲನೆಯವನ ಹತ್ತು ಜಿಗಿತ: 98, 112, 131, 104, 119, 95, 121, 109, 90, 116. ಎರಡನೆಯವನದು: 117, 115, 119, 118, 114, 120, 116, 118, 121, 117. ಅತಿ ಉದ್ದದ್ದು ಮೊದಲನೆಯವನದು, 131. ಹಾಸ್ಟೆಲಿನಲ್ಲಿ ಹೆಸರೂ ಅವನದೇ. ಸರಾಸರಿ ತೆಗೀರಿ: ಮೊದಲನೆಯವನದು 109.5, ಎರಡನೆಯವನದು 117.5. ಸ್ಪರ್ಧೆಯಲ್ಲಿ ಎರಡು ಜಿಗಿತ ಕೂಡಿಸಿ ಲೆಕ್ಕ ಹಾಕುತ್ತಾರೆ. ಯಾರ ಮೇಲೆ ಹಣ ಕಟ್ಟುತ್ತೀರಿ? ಮೊದಲನೆಯವನಿಗೆ ಬಲ ಇದೆ, ಹಿಡಿತ ಇಲ್ಲ. ಅವನು ಮಾಡಬೇಕಾದ ಕೆಲಸ 131ನ್ನು 135 ಮಾಡುವುದಲ್ಲ, 90 ಯಾಕೆ ಬಂತು ಅಂತ ಹುಡುಕುವುದು.

ಯಂತ್ರದ ಕಡೆಯೂ ಒಂದು ಕಣ್ಣಿರಲಿ. ಸೆಕೆಂಡಿಗೆ 60 ಚಿತ್ರ ತೋರಿಸುವ ಪರದೆಯಲ್ಲಿ ಒಂದು ಚಿತ್ರಕ್ಕೂ ಇನ್ನೊಂದಕ್ಕೂ ನಡುವೆ ಜಿಗಿತಗಾರ 42 ಸೆಂಟಿಮೀಟರ್ ಸಾಗಿರುತ್ತಾನೆ. ವೈರ್ ಇಲ್ಲದ ಅಗ್ಗದ ಮೌಸ್ ನೂರರ ಒಂದೆರಡು ಭಾಗ ಸೆಕೆಂಡ್ ತಡ ಮಾಡಿದರೂ ಅಷ್ಟೇ ದೂರ ಹೋಯಿತು. ಅದಕ್ಕಾಗಿ ಹೊಸ ಮೌಸ್ ತರಿಸಿ ಅಂತ ನಾನು ಹೇಳುವುದಿಲ್ಲ. ತಡ ಎಷ್ಟೇ ಇರಲಿ, ಪ್ರತಿ ಸಲ ಅಷ್ಟೇ ಇದ್ದರೆ ಕೈ ಅದಕ್ಕೆ ಹೊಂದಿಕೊಳ್ಳುತ್ತದೆ. ದಿನಕ್ಕೊಂದು ಯಂತ್ರ ಬದಲಾಯಿಸಿದರೆ ಮಾತ್ರ ಯಾವ ಲಯವೂ ಕೂಡುವುದಿಲ್ಲ. ಇವತ್ತು ರೂಮ್‌ಮೇಟಿನ ಲ್ಯಾಪ್‌ಟಾಪ್, ನಾಳೆ ಮೊಬೈಲ್, ನಾಡಿದ್ದು ಲ್ಯಾಬಿನ ಕಂಪ್ಯೂಟರ್ ಅಂತ ಆಡುವವರು ಮೊದಲು ಒಂದಕ್ಕೆ ಗಟ್ಟಿಯಾಗಿ ಕೂಡ್ರಿ.

ಇದೆಲ್ಲ ಆಟಕ್ಕೆ ಮಾತ್ರವೇ?

ಈಗ ಅಸಲಿ ಮಾತಿಗೆ ಬರ್ತೀನಿ. ನಮ್ಮ ಹಾಸ್ಟೆಲಿನಲ್ಲಿ ಪ್ರತಿ ಸೆಮಿಸ್ಟರ್ ಫಲಿತಾಂಶ ಬಂದ ಸಂಜೆ ಒಂದು ಮೌನ ಇರುತ್ತದೆ. ಮುದ್ದೇಬಿಹಾಳ, ಸಿಂದಗಿ, ಇಂಡಿ, ಬಸವನ ಬಾಗೇವಾಡಿ ಕಡೆಯಿಂದ, ಹತ್ತನೇ ತನಕ ಕನ್ನಡದಲ್ಲೇ ಓದಿ ಬಂದ ಹುಡುಗ ಹುಡುಗಿಯರಲ್ಲಿ ಕೆಲವರು ಮೊದಲ ವರ್ಷದ ಗಣಿತದಲ್ಲಿ ಉಳಿಯುತ್ತಾರೆ. ಅವರ ಕೈಯಲ್ಲಿರುವುದು ಒಂದು ಸಂಖ್ಯೆ ಮಾತ್ರ. ಇಪ್ಪತ್ತೆರಡು. ಹದಿನೇಳು. ಆ ಸಂಖ್ಯೆ ಏನೂ ಹೇಳುವುದಿಲ್ಲ. ಪ್ರಶ್ನೆಯ ಇಂಗ್ಲಿಷೇ ತಿಳಿಯಲಿಲ್ಲವೋ? ಸೂತ್ರ ಗೊತ್ತಿದ್ದೂ ಹೊತ್ತು ಸಾಲಲಿಲ್ಲವೋ? ವಿಧಾನ ಸರಿ ಇದ್ದು ಕೂಡಿಸುವಾಗ ತಪ್ಪಿತೋ? ಪೂರ್ತಿ ಉತ್ತರ ಬಂದು, ಕೊನೇ ಸಾಲು ಅಚ್ಚುಕಟ್ಟಾಗಿ ಬರೆಯದೆ ಕಳಕೊಂಡರೋ? ಜಾರಿದ್ದು ತಪ್ಪೋ, ಚಿಮ್ಮಿದ್ದು ತಪ್ಪೋ, ತೇಲಿದ್ದು ತಪ್ಪೋ, ಇಳಿದದ್ದು ತಪ್ಪೋ?

ಇದನ್ನು ಬಿಡಿಸಿ ನೋಡದ ಹುಡುಗ ಕೊನೆಗೆ ಒಂದೇ ತೀರ್ಮಾನಕ್ಕೆ ಬರುತ್ತಾನೆ: "ನಾನು ಇದಕ್ಕ ಲಾಯಕ್ ಅಲ್ಲ." ಊರಿಗೆ ಫೋನ್ ಮಾಡಿ, "ಅಪ್ಪಾ, ನನಗ ಇದು ಆಗೂದಿಲ್ಲರಿ" ಅನ್ನುತ್ತಾನೆ. ಅಪ್ಪ ಸಾಲ ಮಾಡಿ ಫೀ ಕಟ್ಟಿರುತ್ತಾನೆ, ಅವನಿಗೂ ಏನು ಹೇಳಬೇಕು ತಿಳಿಯುವುದಿಲ್ಲ. ಹಿಂಗೆ ಹೋದವರನ್ನು ನಾನು ನೋಡಿದ್ದೇನೆ. ಅವರಲ್ಲಿ ಇಂಗ್ಲಿಷ್ ಪ್ರಶ್ನೆ ಅರ್ಥವಾಗದೆ ಉಳಿದವನಿಗೆ ಬೇಕಾಗಿದ್ದದ್ದು ಒಂದು ತಿಂಗಳ ಭಾಷೆಯ ಸಹಾಯ. ಅವನಿಗೆ ಸಿಕ್ಕಿದ್ದು ಗಣಿತದ ಟ್ಯೂಷನ್. ಕಾಯಿಲೆ ಒಂದು, ಔಷಧ ಇನ್ನೊಂದು.

ಒಂದೇ ಸಂಖ್ಯೆ ನೋಡಿ ಏನೂ ತಿಳಿಯುವುದಿಲ್ಲ ಅನ್ನುವುದು ನಿಡಗುಂದಿಯವರಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಪಕ್ಕದಲ್ಲೇ ಆಲಮಟ್ಟಿ. ಜಲಾಶಯದ ಗರಿಷ್ಠ ಮಟ್ಟ 519.60 ಮೀಟರ್ ಅನ್ನುವುದು ನಮ್ಮ ಕಡೆ ಚಹಾದ ಅಂಗಡಿಯ ಮಾತು. ಮಳೆಗಾಲದಲ್ಲಿ ಪೇಪರ್ ಬಿಡಿಸಿದ ಕೂಡಲೇ ಜನ ಮಟ್ಟ ಎಷ್ಟು ಅಂತ ನೋಡಿ ಸುಮ್ಮನಾಗುವುದಿಲ್ಲ. ಒಳಹರಿವು ಎಷ್ಟು, ಹೊರಹರಿವು ಎಷ್ಟು, 26 ಗೇಟಿನಲ್ಲಿ ಎಷ್ಟು ತೆರೆದಿದ್ದಾರೆ, ಮಹಾರಾಷ್ಟ್ರದ ಕಡೆ ಮಳೆ ಹೆಂಗಿದೆ, ಇಷ್ಟೂ ಕೇಳುತ್ತಾರೆ. ಯಾಕಂದ್ರೆ ಮಟ್ಟ ಒಂದೇ ಇದ್ದರೂ ಏರುವ ನೀರು ಬೇರೆ, ಇಳಿಯುವ ನೀರು ಬೇರೆ. ಹೊಳೆಯ ನೀರಿಗೆ ಇಷ್ಟು ಲೆಕ್ಕ ಇಡುವ ನಾವು ನಮ್ಮ ಮಕ್ಕಳ ಅಂಕಪಟ್ಟಿ ಬಂದಾಗ ಬರೀ ಮಟ್ಟ ನೋಡಿ "ತುಂಬಿಲ್ಲ" ಅಂತ ಮಡಚಿ ಇಡುತ್ತೇವೆ.

ಉತ್ತರ ಪತ್ರಿಕೆಯ ನಕಲು ತರಿಸಿ ನೋಡುವ ಅವಕಾಶ ಇದ್ದೂ ಬಹಳ ಜನ ಅದನ್ನು ಅಂಕ ಹೆಚ್ಚಾಗುತ್ತದೋ ಅನ್ನುವ ಆಸೆಗೆ ಮಾತ್ರ ತರಿಸುತ್ತಾರೆ. ಹೆಚ್ಚಾಗುವ ಹಾಗೆ ಕಾಣದಿದ್ದರೆ ಆ ನಕಲು ಕಸದ ಬುಟ್ಟಿಗೆ. ನನ್ನ ಕೇಳಿದರೆ ಅದೇ ನಿಮ್ಮ ರೀಪ್ಲೇ. ಇಂಟರ್ನಲ್ಸ್ ಪತ್ರಿಕೆಯಂತೂ ಪುಕ್ಕಟೆ ಕೈಗೆ ಬರುತ್ತದೆ. ಕೂತು, ಪ್ರತಿ ಕಳೆದ ಅಂಕದ ಮುಂದೆ ಒಂದು ಅಕ್ಷರ ಬರೀರಿ: ಭಾಷೆಗೆ 'ಭಾ', ವಿಧಾನಕ್ಕೆ 'ವಿ', ಲೆಕ್ಕದ ತಪ್ಪಿಗೆ 'ಲೆ', ಹೊತ್ತಿಗೆ 'ಹೊ'. ಎರಡು ಪತ್ರಿಕೆ ಮಾಡಿದರೆ ಸಾಕು, ಯಾವ ಅಕ್ಷರ ಹೆಚ್ಚು ಅಂತ ಕಾಣುತ್ತದೆ. ಮುಂದಿನ ತಿಂಗಳು ಅದೊಂದನ್ನೇ ಸರಿಪಡಿಸ್ರಿ.

"ಅಂಕ ಕೊಡುವವರೇ ಸರಿ ಇಲ್ಲ" ಅಂದ್ರೆ?

ಈ ಮಾತಿಗೆ ವಾದ ಬರುತ್ತದೆ, ಬರಲಿ. ತೀರ್ಪುಗಾರರು ಯಾವಾಗಲೂ ಸರಿ ಅಂತ ನಾನು ಹೇಳುವುದಿಲ್ಲ. ಈ ಕ್ರೀಡೆಯ ಇತಿಹಾಸವೇ ಅದಕ್ಕೆ ಸಾಕ್ಷಿ. 1924ರ ಮೊದಲ ಚಳಿಗಾಲದ ಒಲಿಂಪಿಕ್ಸ್‌ನಲ್ಲಿ, ಫ್ರಾನ್ಸಿನ ಶಾಮೊನಿಯಲ್ಲಿ, ಅಂಕ ಕೂಡಿಸುವಾಗ ತಪ್ಪಾಗಿ ಕಂಚಿನ ಪದಕ ಬೇರೆಯವನಿಗೆ ಹೋಯಿತು. ಅದು ಸರಿಹೋಗಿ ಅಮೆರಿಕದ ಆಂಡರ್ಸ್ ಹೌಗನ್‌ಗೆ ಪದಕ ಸಿಕ್ಕಿದ್ದು 1974ರಲ್ಲಿ, ಐವತ್ತು ವರ್ಷ ಆದ ಮೇಲೆ. ಬರೀ ಕೂಡಿಸುವ ಲೆಕ್ಕ ನೋಡ್ರಿ, ಅದೂ ತಪ್ಪಬಹುದು. 1980ರ ದಶಕದಲ್ಲಿ ಸ್ವೀಡನ್ನಿನ ಯಾನ್ ಬೊಕ್‌ಲೋವ್ ಸ್ಕೀಗಳನ್ನು ಜೋಡಿಸಿ ಹಿಡಿಯುವುದು ಬಿಟ್ಟು ಇಂಗ್ಲಿಷಿನ 'ವಿ' ಅಕ್ಷರದ ಹಾಗೆ ಅಗಲಿಸಿ ಹಾರಿದ. ಎತ್ತುವ ಬಲ ಹೆಚ್ಚಾಗಿ ದೂರ ಹೋದ. ತೀರ್ಪುಗಾರರು "ಇದು ಚಂದ ಇಲ್ಲ" ಅಂತ ಶೈಲಿ ಅಂಕ ಕತ್ತರಿಸಿದರು. ಅವನು ಬಿಡಲಿಲ್ಲ. 1988-89ರ ವಿಶ್ವಕಪ್ ಗೆದ್ದ. ಈಗ ಎಲ್ಲರೂ ಹಾರುವುದು ಹಾಗೆಯೇ.

ಆದರೆ ಬೊಕ್‌ಲೋವ್ ಹೆಂಗೆ ಗೆದ್ದ ಅನ್ನುವುದು ಮುಖ್ಯ. ಶೈಲಿಯಲ್ಲಿ ಎಷ್ಟು ಕಳಕೊಳ್ಳುತ್ತಿದ್ದೇನೆ, ದೂರದಲ್ಲಿ ಎಷ್ಟು ಗಳಿಸುತ್ತಿದ್ದೇನೆ ಅನ್ನುವ ಎರಡೂ ಕಾಲಂ ಅವನ ಕಣ್ಣ ಮುಂದೆ ಇದ್ದವು. ಅನ್ಯಾಯ ಆಗುತ್ತಿದೆ ಅಂತ ಸಾಬೀತು ಮಾಡಲಿಕ್ಕೂ ಬಿಡಿ ಲೆಕ್ಕ ಬೇಕು. "ಎಲ್ಲಾ ಮೋಸ" ಅನ್ನುವವನ ಮಾತು ಯಾರೂ ಕೇಳುವುದಿಲ್ಲ. "ನಾಲ್ಕನೇ ಪ್ರಶ್ನೆಯ ಬಿ ಭಾಗ ನೋಡೇ ಇಲ್ಲರಿ" ಅನ್ನುವವನ ಮಾತು ಕೇಳಲೇಬೇಕಾಗುತ್ತದೆ.

ಇನ್ನೊಂದು ದಾರಿಯೂ ಇದೆ, ಕಳ್ಳದಾರಿ. 2025ರ ಮಾರ್ಚಿನಲ್ಲಿ ನಾರ್ವೆಯ ಟ್ರೋಂಡ್‌ಹೈಮ್‌ನಲ್ಲಿ ನಡೆದ ವಿಶ್ವ ಚಾಂಪಿಯನ್‌ಶಿಪ್‌ನಲ್ಲಿ ಆತಿಥೇಯ ತಂಡದವರೇ ಜಿಗಿತದ ಉಡುಪಿನ ಹೊಲಿಗೆಯಲ್ಲಿ ಕೈವಾಡ ಮಾಡಿದ್ದು ಹೊರಬಿತ್ತು. ಬಟ್ಟೆ ಗಾಳಿಯನ್ನು ಹೆಚ್ಚು ಹಿಡಿಯಲಿ ಅಂತ ಒಳಗೆ ಗಟ್ಟಿ ದಾರ ಹಾಕಿದ್ದರು. ಈ ಕ್ರೀಡೆಯ ತವರಿನಲ್ಲೇ, ಅದರ ಗುರುಗಳಂಥವರೇ ಹಂಗೆ ಮಾಡಿದರು. ಲ್ಯಾಬ್ ರೆಕಾರ್ಡಿನಲ್ಲಿ ಸೀನಿಯರಿನ ರೀಡಿಂಗ್ ಇಳಿಸುವುದೂ ಅದೇ ಹೊಲಿಗೆ. ಅಂಕ ಬರುತ್ತದೆ. ಆದರೆ ನಿಮ್ಮ ಪ್ರಯೋಗ ಎಲ್ಲಿ ತಪ್ಪಿತು ಅನ್ನುವ ಮಾಹಿತಿ, ಅಂದ್ರೆ ಆ ಮೂರು ಗಂಟೆಯಲ್ಲಿ ನಿಮಗೆ ಸಿಗಬೇಕಾಗಿದ್ದ ಏಕೈಕ ಬೆಲೆಬಾಳುವ ವಸ್ತು, ಅಳಿಸಿ ಹೋಗುತ್ತದೆ.

ಒಂದು ಬೇಡಿಕೆ

ನಮ್ಮ ಫೆಸ್ಟಿನಲ್ಲಿ ಗೇಮಿಂಗ್ ಅಂದ್ರೆ ಬಂದೂಕಿನ ಆಟ ಮಾತ್ರ ಆಗಿದೆ. ಒಳ್ಳೇ ಫೋನು, ಒಳ್ಳೇ ಲ್ಯಾಪ್‌ಟಾಪ್ ಇದ್ದವರು ಆಡುತ್ತಾರೆ, ಉಳಿದವರು ನೋಡುತ್ತಾರೆ. ಹಳೇ ಕಂಪ್ಯೂಟರಿನಲ್ಲೂ ಓಡುವ ಒಂದು ಸ್ಕೀ ಜಂಪಿಂಗ್ ಆಟ ಹಾಕಿ, ಕನ್ನಡ ಸಂಘದ ವತಿಯಿಂದಲೇ ಸ್ಪರ್ಧೆ ಮಾಡೋಣ. ಎಲ್ಲರಿಗೂ ಒಂದೇ ಯಂತ್ರ, ಒಂದೇ ಮೌಸ್. ನಿಯಮ ಎರಡು. ಒಂದು, ಬಹುಮಾನ ಅತಿ ಉದ್ದದ ಜಿಗಿತಕ್ಕಲ್ಲ, ಹತ್ತು ಜಿಗಿತದ ಸರಾಸರಿಗೆ. ಎರಡು, ಪ್ರತಿಯೊಬ್ಬರೂ ತಮ್ಮ ಅಭ್ಯಾಸದ ನೋಟ್‌ಬುಕ್ ಕನ್ನಡದಲ್ಲಿ ಬರೆದು ತರಬೇಕು: ಏನು ಬದಲಾಯಿಸಿದೆ, ಏನಾಯಿತು, ಯಾಕೆ ಹಾಗಾಯಿತು ಅಂತ ಅನ್ನಿಸಿತು. ಅದಕ್ಕೂ ಅಂಕ.

ಎರಡನೇ ನಿಯಮ ಯಾಕಂದ್ರೆ, ತನ್ನ ತಪ್ಪನ್ನು ತನ್ನ ಭಾಷೆಯಲ್ಲಿ ನಾಲ್ಕು ಸಾಲು ಬಿಡಿಸಿ ಬರೆಯಲು ಬಂದವನಿಗೆ ಅದನ್ನು ಇಂಗ್ಲಿಷಿಗೆ ತಿರುಗಿಸಲು ಒಂದು ಸಂಜೆ ಸಾಕು. ಬಿಡಿಸಿ ನೋಡಲು ಬಾರದವನಿಗೆ ಯಾವ ಭಾಷೆ ಕೊಟ್ಟರೂ ಒಂದೇ. 'ಚಿಮ್ಮಲು ತಡ', 'ತೇಲುವಾಗ ಅವಸರ', 'ಇಳಿಯುವಾಗ ಆಸೆ' ಅಂತ ಎರಡೆರಡು ಪದದಲ್ಲಿ ಬರೆದರೂ ನಡೆಯುತ್ತದೆ.

ಸಂಘದ ಅಧ್ಯಕ್ಷರು, ಸ್ಟಾಫ್ ಸಲಹೆಗಾರರು ಇದನ್ನು ಓದುತ್ತಿದ್ದರೆ ಒಂದು ಕಂಪ್ಯೂಟರ್, ಒಂದು ಮೌಸ್, ಇಪ್ಪತ್ತು ನೋಟ್‌ಬುಕ್ ಇಷ್ಟೇ ಖರ್ಚು. ಮೊದಲ ವರ್ಷದವರಿಗೆ ವಿಶೇಷವಾಗಿ ಕರೆ ಕೊಡ್ರಿ, ಗಣಿತದಲ್ಲಿ ಉಳಿದವರಿಗೆ ಇನ್ನೂ ವಿಶೇಷವಾಗಿ. ಬೋರ್ಡಿನ ಮೇಲೆ ಹೆಸರು ಬರೆಯುವ ಮೊದಲ ಹಾಳೆ ನಾನೇ ಅಂಟಿಸ್ತೀನಿ.